ಬೋರಲು ಬಕೆಟ್ಟು

ಹಳದಿ ಮನೆಯಿಂದ ಅವ್ವ ಮರಳಿ ಬಂದ ದಿನ ಗುಬ್ಬಿ ಅವಳಿಗೊಂದು ಮಾತು ಕೊಟ್ಟಿದ್ದಳು.

ಆಗ ಅವಳು ನಿಜಕ್ಕೂ ಗುಬ್ಬಿಯಷ್ಟೇ ಇದ್ದಳು. ಅವ್ವನಿಗೆ ಹೊಸ್ತಿಲು ದಾಟುವಷ್ಟೂ ಮಂಡಿಯಲ್ಲಿ ಕಸುವಿರಲಿಲ್ಲ. ಅಲ್ಲೇ ಕುಸಿದು ಕೂತಿದ್ದಳು. ಅಂಗೈಗಳಲ್ಲಿ ಚರ್ಮ ಇರಲಿಲ್ಲ. ನೆಲ ತೊಳೆಯಲು ಕೊಟ್ಟ ಕಾಸ್ಟಿಕ್ ಸೋಡಾ ಅದನ್ನು ತಿಂದು ಮುಗಿಸಿತ್ತು. ಅದೇ ಕೈಯನ್ನು ಮುಂದೆ ಚಾಚಿದಳು.

"ಇದರ ಮೇಲೆ ನಿನ್ನ ಕೈ ಇಡು."

"ನೋಯಲ್ವೇನವ್ವಾ?"

"ನೋಯ್ಲಿ. ಇಡು."

ಇಟ್ಟಳು. ಬಿಸಿಯಾಗಿತ್ತು, ಒದ್ದೆಯಾಗಿತ್ತು.

"ಆ ಮನೇಲಿ ಅವರು ಚೆಲ್ಲಿದ್ದನ್ನ ನೀನು ಒರೆಸಬಾರದು. ಹೊಟ್ಟೆಗೆ ಇಲ್ಲದಿದ್ರೂ ಒರೆಸಬಾರದು. ಹೇಳು."

"ಒರೆಸಲ್ಲ."

"ಜೋರಾಗಿ ಹೇಳು."

"ಒರೆಸಲ್ಲವ್ವಾ!"

ಅವರು ಅಂದರೆ ಯಾರು, ಚೆಲ್ಲಿದ್ದು ಅಂದರೆ ಏನು ಎಂದು ಮಗು ಕೇಳಲಿಲ್ಲ. ಕೈ ಹಿಂದಕ್ಕೆ ತೆಗೆದುಕೊಂಡರೆ ಸಾಕಾಗಿತ್ತು.

ಅವ್ವ ಮಾಡಿದ್ದ ಅಪರಾಧ ಇಷ್ಟೇ. ಊರಿನ ಜಾಡಮಾಲಿಗಳೆಲ್ಲ ಸೇರಿ ಕೈಗವಸು ಕೇಳಿದ್ದರು. ಊರಿನವರ ಕಕ್ಕಸು ಬಳಿಯುವ ಕೈಗೆ ಒಂದು ಜೊತೆ ಗವಸು. ಕೊಡಲಿಲ್ಲ. ಒಂದು ಬೆಳಿಗ್ಗೆ ಓಣಿಯ ಪ್ರತಿ ಮನೆಯ ಮುಂದೆ ಬಕೆಟ್ಟು ಬೋರಲು ಬಿದ್ದಿತು. ಘೋಷಣೆ ಇಲ್ಲ, ಬಾವುಟ ಇಲ್ಲ. ಘೋಷಣೆ ಬರೆಯಲು ಅವರಲ್ಲಿ ಯಾರಿಗೂ ಅಕ್ಷರ ಬರುತ್ತಿರಲಿಲ್ಲ. ಬಕೆಟ್ಟು ಬೋರಲು ಹಾಕಿದ್ದಾರೆ ಅಂದರೆ ಇವತ್ತು ನಿಮ್ಮ ಹೊಲಸು ನಿಮ್ಮದು ಅಂತ ಅರ್ಥ. ಊರಿಗೆ ಮಧ್ಯಾಹ್ನದೊಳಗೆ ಅರ್ಥವಾಯಿತು. ಮೂಗು ಇದ್ದವರಿಗೆಲ್ಲ ಅರ್ಥವಾಯಿತು.

ಜನ ಬಾಯಿ ತೆರೆದರೆ ಸರ್ಕಾರಕ್ಕೆ ಮೈ ಉರಿಯುತ್ತಿದ್ದ ಕಾಲ ಅದು. ಪೊಲೀಸರು ಬಂದರು. ಅವ್ವನನ್ನು ಕೂದಲು ಹಿಡಿದು ವ್ಯಾನಿಗೆ ಎಳೆದರು. ಪೊಲೀಸರು ಹಿಡಿದವರನ್ನು ವಿಚಾರಣೆಗೆ ಇಡುತ್ತಿದ್ದ ಹಳದಿ ಮನೆಗೆ ಮೊದಲು ಹೋದವರು ಈ ಜಾಡಮಾಲಿಗಳೇ. ವಿದ್ಯಾರ್ಥಿಗಳು, ವಕೀಲರು, ಪತ್ರಿಕೆಯವರು ಆಮೇಲೆ ಬಂದರು. ಅವರ ವಿಚಾರಣೆ ನಡೆದ ಹಾಗೆಲ್ಲ ಅಲ್ಲಿ ನೆಲ ಕೆಡಲು ಶುರುವಾಯಿತು. ನೆಲ ಕೆಟ್ಟ ಮೇಲೆ ತೊಳೆಯುವವರು ಬೇಕಲ್ಲ. ತೊಳೆಯುವುದಿಲ್ಲ ಎಂದವರೇ ಕೈಗೆ ಸಿಕ್ಕಿದ್ದರು. ಮೆಟ್ಟಿಲ ಕೆಳಗಿನ ಗೂಡಿನಲ್ಲಿ ಕೂಡಿ ಹಾಕಿ ಹೊರಗಿನಿಂದ ಬೀಗ ಹಾಕಿದರು. ಬೇಕಾದಾಗ ಬೀಗ ತೆಗೆದು ಕಾವಲಿನವನು ಕರೆಯುತ್ತಿದ್ದ, "ಬಾ, ಬಣ್ಣ ಚೆಲ್ಲಿದೆ, ಒರೆಸು."

ಅವನಿಗೆ ಅದು ತಮಾಷೆ. ಅವ್ವ ಮಂಡಿಯೂರಿ ಒರೆಸುತ್ತಿದ್ದಳು. ಗವಸು ಕೇಳಿದವಳ ಅಂಗೈಯ ಚರ್ಮವನ್ನೇ ಸುಲಿದು ಮನೆಗೆ ಕಳಿಸಿದರು. ಮುಷ್ಕರ ಶಾಂತಿಯುತವಾಗಿ ಮುಗಿಯಿತು ಎಂದು ಪತ್ರಿಕೆಯಲ್ಲಿ ಬಂತು.

ಆಮೇಲೆ ಎಷ್ಟೋ ಸರ್ಕಾರಗಳು ಬಂದವು, ಹೋದವು. ಗುಬ್ಬಿ ಬೆಳೆದು, ಮದುವೆಯಾಗಿ, ಗಂಡನನ್ನು ಮಣ್ಣು ಮಾಡಿ, ಮಗಳನ್ನು ನರ್ಸ್ ತರಬೇತಿಗೆ ಸೇರಿಸಿ, ನಡು ದಪ್ಪವಾಗಿ, ತಲೆ ನರೆತರೂ ಓಣಿಯವರ ಬಾಯಲ್ಲಿ ಗುಬ್ಬಿಯೇ ಆಗಿ ಉಳಿದಳು. ಹಳದಿ ಮನೆ ಪಾಳು ಬಿತ್ತು. ಪಾಳು ಬಿದ್ದದ್ದು ಬಿದ್ದೇ ಇದ್ದಿದ್ದರೆ ಚೆನ್ನಾಗಿತ್ತು. ಆದರೆ ಈಗಿನ ಸರ್ಕಾರಕ್ಕೆ ನಾಚಿಕೆ ಪಡುವ ಆಸೆ ಹುಟ್ಟಿತು. ತನ್ನದಕ್ಕಲ್ಲ, ಹಿಂದಿನವರದಕ್ಕೆ. ಹಳದಿ ಮನೆಯನ್ನು ಸ್ಮಾರಕ ಮಾಡುತ್ತೇವೆ ಅಂತು. ಹೆಸರು ಸ್ಮೃತಿ ಭವನ. ಅದೇ ಹೊತ್ತಿಗೆ ಊರಾಚೆ, ಕಸ ಸುರಿಯುವ ಬಯಲಿನ ಪಕ್ಕ, ಹೊಸ ಬಂಧನ ಗೃಹದ ಗೋಡೆ ಏಳುತ್ತಿತ್ತು. ಅದಕ್ಕೆ ಬೂದು ಬಣ್ಣ. ಎರಡಕ್ಕೂ ಗುತ್ತಿಗೆದಾರ ಒಬ್ಬನೇ.

ಗುಬ್ಬಿ ದೊಡ್ಡಾಸ್ಪತ್ರೆಯಲ್ಲಿ ನೆಲ ಒರೆಸುತ್ತಿದ್ದಳು. ಅಲ್ಲಿ ಗುತ್ತಿಗೆ ಬದಲಾಯಿತು, ಹಳಬರನ್ನೆಲ್ಲ ಹೊರಗೆ ಹಾಕಿದರು. ಮೇಸ್ತ್ರಿ ಒಬ್ಬ ಕರೆದ.

"ಸ್ಮೃತಿ ಭವನದಲ್ಲಿ ಕೆಲಸ ಇದೆ, ಬರ್ತೀಯಾ? ಉದ್ಘಾಟನೆ ಆದ್ಮೇಲೆ ಕಾಯಂ ಮಾಡ್ತಾರಂತೆ."

ಅವಳು ಒಂದು ದಿನ ಯೋಚಿಸಿದಳು. ಹೊಟ್ಟೆಗೆ ಇಲ್ಲದಿದ್ದರೂ ಅಂದಿದ್ದಳು ಅವ್ವ. ಹೊಟ್ಟೆಗೇನೋ ಹೇಗೋ ಆದೀತು. ಮಗಳ ತರಬೇತಿ ಅರ್ಧಕ್ಕೆ ನಿಂತರೆ ಆ ಹುಡುಗಿಯ ಕೈಗೂ ನಾಳೆ ಇದೇ ಬಕೆಟ್ಟು ಬರುತ್ತದೆ. ಮತ್ತೆ, ಅವರು ಚೆಲ್ಲಿದ್ದನ್ನು ಒರೆಸಬೇಡ ಅಂದಳೇ ಹೊರತು ಒಳಗೆ ಕಾಲಿಡಬೇಡ ಅನ್ನಲಿಲ್ಲವಲ್ಲ? ಈಗ ಅಲ್ಲಿ ಚೆಲ್ಲುವುದು ಸಿಮೆಂಟು, ಸುಣ್ಣ. ಚೆಲ್ಲುವವರು ಗಾರೆಯವರು, ನಮ್ಮಂಥವರೇ. ಹೀಗೆ ತನಗೆ ತಾನೇ ವಕಾಲತ್ತು ಮಾಡಿಕೊಂಡು, ತಾನೇ ತೀರ್ಪು ಕೊಟ್ಟುಕೊಂಡು ಕೆಲಸಕ್ಕೆ ಹೋದಳು. ಅವ್ವನಿಗೆ ಮಾತ್ರ ಇನ್ನೂ ಆಸ್ಪತ್ರೆ ಅಂತಲೇ ಹೇಳುತ್ತಿದ್ದಳು. ಅವ್ವ ಮಂಚ ಬಿಟ್ಟು ಕಿಟಕಿಯವರೆಗೆ ಹೋಗುವುದೇ ಹೆಚ್ಚು. ಕಾಲು ಹೋಗಿತ್ತು, ನಾಲಿಗೆ ನೆಟ್ಟಗಿತ್ತು.

ಸ್ಮಾರಕ ಸಮಿತಿಯ ಅಧ್ಯಕ್ಷರು ಆಗ ಹಳದಿ ಮನೆಯಲ್ಲಿ ಬಂಧಿಯಾಗಿದ್ದ ವಿದ್ಯಾರ್ಥಿ ನಾಯಕ. ಈಗ ಬಿಳಿ ಗಡ್ಡ, ತಗ್ಗಿದ ದನಿ. ಮಾತಾಡುವಾಗ ಕಣ್ಣು ಮುಚ್ಚುತ್ತಿದ್ದರು, ಎದುರಿಗೆ ಇರುವವರನ್ನು ನೋಡುವ ಕಷ್ಟ ತಪ್ಪುತ್ತಿತ್ತು. ಅವರು ಪತ್ರಿಕೆಗೆ ತಮ್ಮ ಸೆರೆವಾಸದ ನೆನಪು ಬರೆದಿದ್ದರು. ಗುಬ್ಬಿ ಒಲೆಯ ಮುಂದೆ ಕೂತು ಕೇಳುತ್ತಿದ್ದಾಗ ಅವಳ ಮಗಳು ಅದನ್ನು ಅಜ್ಜಿಗೆ ಓದಿ ಹೇಳಿದಳು.

"ಮೂರ್ಛೆ ತಿಳಿದಾಗ ನನ್ನ ತುಟಿಗೆ ನೀರು ಹಿಡಿದವಳು ಒಬ್ಬ ಅನಾಮಿಕ ವೃದ್ಧೆ. ಆ ಮಹಾತಾಯಿಯ ಕಣ್ಣಲ್ಲಿ ನಾನು ಇಡೀ ಜನಕೋಟಿಯ ತಾಯ್ತನವನ್ನು ಕಂಡೆ."

ಅವ್ವ ಕೆಮ್ಮು ಬರುವಷ್ಟು ನಕ್ಕಳು.

"ಯಾವ ವೃದ್ಧೆನೇ? ಅಲ್ಲಿ ನೀರು ಕೊಟ್ಟೋಳು ನಾನೊಬ್ಬಳೇ. ಈ ಬಡ್ಡಿಮಗ ನನಗಿಂತ ದೊಡ್ಡೋನು! ಮೀಸೆ ಬಂದಿತ್ತು ಆಗಲೇ. ನನ್ನ ಮಗ ಆಗೋಕೆ ಹೊರಟಿದ್ದಾನೆ ನೋಡು, ಹೆರಿಗೆ ನೋವೂ ಕೊಡದೆ."

"ಅಜ್ಜೀ, ಅದು ಗೌರವಕ್ಕೆ ಹೇಳಿರೋದು."

"ಗೌರವಕ್ಕೆ ಹೆಸರು ಕೇಳಬೇಕಿತ್ತು. ನೀರು ಕುಡಿದು ಅವನು ಏನಂದ ಗೊತ್ತಾ? 'ಲೋಟ ತೊಳೆದಿದ್ದೆಯಾ' ಅಂದ. ಅದನ್ನ ಬರೆದಿದ್ದಾನಾ ನೋಡು."

ಬರೆದಿರಲಿಲ್ಲ.

ಅಂಗಳದಲ್ಲಿ ಕಪ್ಪು ಕಲ್ಲಿನ ಗೋಡೆ ಎದ್ದಿತು. ಅದರ ಮೇಲೆ ನೊಂದವರ ಹೆಸರು ಕೆತ್ತುತ್ತಿದ್ದರು. ಅಧ್ಯಕ್ಷರ ಹೆಸರು ಎಲ್ಲರಿಗಿಂತ ಮೇಲೆ, ನಿಂತವರ ಕಣ್ಣಿಗೆ ಸರಿಯಾಗಿ ಸಿಗುವ ಎತ್ತರದಲ್ಲಿ. ಒಂದು ದಿನ ಅವರು ಒಬ್ಬರೇ ನಿಂತು ತಮ್ಮ ಹೆಸರನ್ನು ನೋಡುತ್ತಿದ್ದಾಗ ಗುಬ್ಬಿ ಬಕೆಟ್ಟು ಕೆಳಗಿಟ್ಟು ಹತ್ತಿರ ಹೋದಳು.

"ಸಾರ್, ನಮ್ಮವ್ವನೂ ಇಲ್ಲಿದ್ಲು. ಮುಷ್ಕರದಲ್ಲಿ ಹಿಡ್ಕೊಂಡು ಬಂದಿದ್ರು. ಅವಳ ಜೊತೆಯವರೂ ಇದ್ರು. ಅವರ ಹೆಸರು ಬರುತ್ತಾ?"

ಅಧ್ಯಕ್ಷರು ಕಣ್ಣು ಮುಚ್ಚಿದರು.

"ಅವರು ಏನು ಮಾಡ್ತಿದ್ರಮ್ಮ ಇಲ್ಲಿ?"

"ನೆಲ ಒರೆಸ್ತಿದ್ರು."

"ಅಂದ್ರೆ ಸಿಬ್ಬಂದಿ." ದನಿ ಇನ್ನೂ ಮೃದುವಾಯಿತು. "ನೋಡಿ ತಾಯಿ, ನಿಮ್ಮ ಭಾವನೆ ನನಗೆ ಅರ್ಥವಾಗುತ್ತೆ. ಆದರೆ ಇದು ಬಲಿಪಶುಗಳ ಗೋಡೆ. ವ್ಯವಸ್ಥೆಗೆ ಕೆಲಸ ಮಾಡಿದವರನ್ನ ಸೇರಿಸಿದ್ರೆ ನಾಳೆ ಕಾವಲಿನವರ ಮಕ್ಕಳೂ ಬರ್ತಾರೆ."

"ಕೆಲಸಕ್ಕೆ ಸೇರಿದೋರನ್ನ ಹೊರಗಿಂದ ಬೀಗ ಹಾಕಿ ಇಡ್ತಾರಾ ಸಾರ್?"

"ಇತಿಹಾಸಕ್ಕೆ ಒಂದು ಶಿಸ್ತು ಇರುತ್ತಮ್ಮ. ಬೇಕಾದ್ರೆ ಕೊನೆಯಲ್ಲಿ 'ಮತ್ತು ಇತರರು' ಅಂತ ಇದೆ. ಅದರಲ್ಲಿ ನಿಮ್ಮ ತಾಯಿಯೂ ಇದ್ದಾರೆ ಅಂತ ಅಂದ್ಕೊಳ್ಳಿ."

ಅಂದುಕೊಳ್ಳಿ. ಹಸಿದವನಿಗೆ ಉಂಡೆ ಅಂದುಕೋ ಅಂದ ಹಾಗೆ. ಅವರು ಹೋಗುವಾಗ ಹೊಸ ಕಲ್ಲಿನ ಧೂಳು ಅವರ ಚಪ್ಪಲಿಗೆ ಹತ್ತಿತ್ತು. ವರಾಂಡದ ಉದ್ದಕ್ಕೂ ಹೆಜ್ಜೆ ಮೂಡಿತು. ಗುಬ್ಬಿ ಒರೆಸಿದಳು. ಅದು ಕಲ್ಲಿನ ಧೂಳು, ಕೆತ್ತುವವನು ಮಾಡಿದ್ದು ಎಂದುಕೊಂಡಳು. ವಕಾಲತ್ತು ಇನ್ನೂ ನಡೆಯುತ್ತಿತ್ತು.

ಸ್ಮಾರಕದ ಅಲಂಕಾರಕ್ಕೆ ಹೊರಗಿನಿಂದ ಒಬ್ಬ ಕಲಾವಿದನನ್ನು ಕರೆಸಿದ್ದರು. ಕೆಲಸದವರು ಅವನಿಗೆ ಬಣ್ಣದಯ್ಯ ಅಂತ ಹೆಸರಿಟ್ಟಿದ್ದರು. ಅವನು ಹಳೆಯ ಬೇಡಿ, ಸಂಕೋಲೆಗಳನ್ನು ಮುಟ್ಟುವಾಗ ಬಿಳಿ ಕೈಗವಸು ಹಾಕಿಕೊಳ್ಳುತ್ತಿದ್ದ. ಕಬ್ಬಿಣಕ್ಕೆ ಕೈಬೆವರು ತಾಗಬಾರದಂತೆ. ಮನುಷ್ಯರ ಮಣಿಕಟ್ಟು ಕೊರೆದ ಕಬ್ಬಿಣಕ್ಕೆ ಇಷ್ಟು ಉಪಚಾರ! ಗುಬ್ಬಿ ಮತ್ತು ಅವಳ ಜೊತೆಗಾತಿ ಕೆಮ್ಮಿನಕ್ಕ ಬರಿಗೈಯಲ್ಲಿ ಆಸಿಡ್ ಹಾಕಿ ಕಕ್ಕಸು ಉಜ್ಜುತ್ತ ಅದನ್ನು ನೋಡುತ್ತಿದ್ದರು.

"ಮುಂದಿನ ಜನ್ಮ ಅಂತ ಇದ್ರೆ ಬೇಡಿಯಾಗಿ ಹುಟ್ಟಬೇಕು ಕಣೇ," ಅಂದಳು ಕೆಮ್ಮಿನಕ್ಕ. ಫಿನಾಯಿಲ್ ಅವಳ ಎದೆಯಲ್ಲಿ ಮನೆ ಮಾಡಿತ್ತು. ಪ್ರತಿ ಮಾತಿಗೂ ಒಂದು ಕೆಮ್ಮು ಬಾಡಿಗೆ ಕಟ್ಟಬೇಕಿತ್ತು.

ಸ್ಮಾರಕದ ಎದೆಯೆಂದರೆ ವಿಚಾರಣೆಯ ಕೋಣೆ. ಅದನ್ನು 'ಅನುಭವ ಕೊಠಡಿ' ಮಾಡಿದ್ದರು. ಕತ್ತಲು. ಗೋಡೆಯೊಳಗಿನಿಂದ ನರಳುವ ಸದ್ದು. ಯಾವನೋ ನಟನಿಂದ ನರಳಿಸಿ ರೆಕಾರ್ಡ್ ಮಾಡಿಕೊಂಡದ್ದು. ಮಧ್ಯೆ ಒಂದು ಕುರ್ಚಿ, ಅದರ ಮೇಲೆ ದೀಪ. ಕುರ್ಚಿಯ ಸುತ್ತ ರಕ್ತ. ಬಣ್ಣದಯ್ಯ ಅದನ್ನು ಬಕೆಟ್ಟಿನಲ್ಲಿ ಕಲಸಿದ. ಕೆಂಪು ಬಣ್ಣ, ಗ್ಲಿಸರಿನ್, ಅಂಟು ಪಾಕ. ಒಣಗಬಾರದು, ಈಗಷ್ಟೇ ಚೆಲ್ಲಿದ ಹಾಗೆ ಹೊಳೆಯುತ್ತಿರಬೇಕು ಅಂತ. ದಿನಾ ಬೆಳಿಗ್ಗೆ ಹೊಸದು ಸುರಿಯುವುದು, ದಿನಾ ಸಂಜೆ ತೊಳೆಯುವುದು. ಇಲ್ಲದಿದ್ದರೆ ನೊಣ ಬರುತ್ತವೆ.

ಸುರಿಯುವವನು ಅವನು. ತೊಳೆಯುವವರು ಯಾರು ಎಂದು ಯಾರೂ ಕೇಳಲಿಲ್ಲ. ಅದು ಕೇಳುವ ಪ್ರಶ್ನೆಯೇ ಆಗಿರಲಿಲ್ಲ.

ಉದ್ಘಾಟನೆಗೆ ಮುಂಚಿನ ದಿನ ತಾಲೀಮು. ಬಣ್ಣದಯ್ಯ ಸುರಿದ, ದೂರ ನಿಂತ, ತಲೆ ಓರೆ ಮಾಡಿದ.

"ಇದು ತುಂಬ ಆಯ್ತು. ವಿಷಾದ ಬರ್ತಿಲ್ಲ, ಅಸಹ್ಯ ಬರ್ತಿದೆ. ಒರೆಸಿ, ಇನ್ನೊಂದು ಸಲ ನೋಡೋಣ."

ಗುಬ್ಬಿ ನಿಂತಲ್ಲೇ ನಿಂತಳು. ಮೇಸ್ತ್ರಿ ಕೋಲು ಮಾಪು ಅವಳ ಕೈಗೆ ತುರುಕಿದ.

"ಏನಮ್ಮಾ, ಕಲ್ಲಾಗಿಬಿಟ್ಟೆ? ಕಾಯಂ ಆಗಬೇಕೋ ಬೇಡ್ವೋ?"

ಕೋಲು ಮಾಪಿಗೆ ಅಂಟು ಬಗ್ಗಲಿಲ್ಲ. ಮಂಡಿಯೂರಬೇಕಾಯಿತು. ಬಟ್ಟೆ ಹಿಂಡಿ, ಉಜ್ಜಿ, ಹಿಂಡಿ, ಉಜ್ಜಿದಳು. ಅದು ಬೆರಳ ಸಂದಿಗೆ ಹೋಯಿತು, ಉಗುರಿನ ಬುಡಕ್ಕೆ ಹೋಯಿತು. ಗೋಡೆಯೊಳಗಿನ ನಟ ನರಳುತ್ತಿದ್ದ. ನೆಲದ ಕಲ್ಲು ಹಳೆಯದೇ. ಒಂದು ಕಡೆ ತಗ್ಗಿತ್ತು, ಎರಡು ಮಂಡಿ ಕೂರುವಷ್ಟು. ಗುಬ್ಬಿಯ ಮಂಡಿ ಅದರಲ್ಲಿ ಸರಿಯಾಗಿ ಕೂತಿತು. ಕೂತದ್ದು ಗೊತ್ತಾದಾಗ ಅವಳು ಮಂಡಿಯನ್ನು ಪಕ್ಕಕ್ಕೆ ಸರಿಸಿದಳು. ಉಜ್ಜುತ್ತ ಉಜ್ಜುತ್ತ ಅದು ಮತ್ತೆ ಆ ತಗ್ಗಿಗೇ ಜಾರಿತು. ಆಮೇಲೆ ವಕಾಲತ್ತಿಗೆ ಬಾಯಿ ಬರಲಿಲ್ಲ.

ಮನೆಗೆ ಬಂದು ಎಷ್ಟು ತಿಕ್ಕಿದರೂ ಉಗುರಿನ ಕೆಂಪು ಹೋಗಲಿಲ್ಲ. ಅವ್ವನಿಗೆ ಅನ್ನದ ತಟ್ಟೆ ಕೊಡುವಾಗ ಅವ್ವ ತಟ್ಟೆ ಬಿಟ್ಟು ಕೈ ಹಿಡಿದಳು.

"ಇದೇನು?"

"ಆಸ್ಪತ್ರೇಲಿ... ಔಷಧಿ ಬಾಟ್ಲಿ ಒಡೆದಿತ್ತು."

"ಸುಳ್ಳು ಹೇಳೋಕೂ ಅಭ್ಯಾಸ ಬೇಕು. ಎಲ್ಲಿಂದು ಹೇಳು."

ಹೇಳಿದಳು. ಎಲ್ಲ ಹೇಳಿದಳು. ಅವ್ವ ಬಯ್ಯುತ್ತಾಳೆ, ತಟ್ಟೆ ಎಸೆಯುತ್ತಾಳೆ ಎಂದು ಕಾದಳು. ಅವ್ವ ಮಗಳ ಬೆರಳುಗಳನ್ನು ಒಂದೊಂದಾಗಿ ಬಿಡಿಸಿ ನೋಡಿದಳು.

"ಬಣ್ಣ ಅವ್ವಾ ಅದು. ಬರೀ ಬಣ್ಣ."

"ಆಗ ರಕ್ತಾನ ಬಣ್ಣ ಅಂದ್ರು. ಈಗ ಬಣ್ಣಾನ ರಕ್ತ ಅಂತಾರೆ. ಒರೆಸೋ ಕೈ ಮಾತ್ರ ಇದೇ ಮನೇದು." ಅವ್ವ ಕೈ ಬಿಟ್ಟಳು. "ಮಂಡಿಯೂರಿದ್ಯಾ?"

ಗುಬ್ಬಿ ತಲೆ ತಗ್ಗಿಸಿದಳು.

"ಗೋಡೇಲಿ ನನ್ನ ಹೆಸರು ಕೇಳೋಕೆ ಹೋಗಿದ್ಯಲ್ಲ. ಯಾವಳಿಗೆ ಬೇಕು ಅವರ ಗೋಡೆ? ನಾನು ಕೇಳಿದ್ದು ನಿನ್ನ ಹತ್ರ ಒಂದೇ ಒಂದು."

ತಟ್ಟೆಯನ್ನು ಹತ್ತಿರ ಎಳೆದುಕೊಂಡು ಉಣ್ಣತೊಡಗಿದಳು. ಗುಬ್ಬಿಯ ಮಗಳು ಪಾತ್ರೆ ತೊಳೆಯುವ ನೆಪದಲ್ಲಿ ಎದ್ದು ಹೋದಳು.

ಉದ್ಘಾಟನೆಯ ದಿನ ಅಂಗಳದ ಬಿಳಿ ಅಮೃತಶಿಲೆಯ ಮೇಲೆ ಬಿಳಿ ಕುರ್ಚಿ ಹಾಕಿದ್ದರು. ಎಲ್ಲರೂ ಬಿಳಿ ಉಟ್ಟು ಬಂದಿದ್ದರು. ದುಃಖಕ್ಕೆ ಇಸ್ತ್ರಿ ಮಾಡಿಸಿಕೊಂಡ ಹಾಗಿತ್ತು. ಮೇಸ್ತ್ರಿ ಕೆಲಸದವರನ್ನು ಸಾಲಾಗಿ ನಿಲ್ಲಿಸಿ ಹೇಳಿದ, "ಯಾರೂ ಕಣ್ಣಿಗೆ ಬೀಳಬಾರದು. ಕ್ಯಾಮರಾಕ್ಕೆ ಅಂತೂ ಬೀಳಲೇಬಾರದು. ಗುಬ್ಬಿ, ನೀನು ಕೋಣೆ ಬಾಗಿಲ ಹಿಂದೆ ನಿಲ್ಲು. ಒಂದು ತೊಟ್ಟು ಆಚೆ ಈಚೆ ಆದ್ರೂ ಸರಕ್ಕಂತ ಬಂದು ಒರೆಸಿ ಸರಕ್ಕಂತ ಒಳಗೆ. ಕೆಮ್ಮಿನಕ್ಕ ಮೆಟ್ಟಿಲ ಕೆಳಗೆ. ಕೆಮ್ಮಿದ್ರೆ ನೋಡು!"

ಮೆಟ್ಟಿಲ ಕೆಳಗೆ ಅಂದರೆ ಆ ಗೂಡು. ಈಗ ಅದು ಪೊರಕೆ, ಬಕೆಟ್ಟು ಇಡುವ ಜಾಗ. ಸ್ಮಾರಕದಲ್ಲಿ ಯಾರೂ ಬದಲಾಯಿಸದೆ ಉಳಿಸಿದ್ದು ಅದೊಂದೇ.

ಗುಬ್ಬಿ ತುಂಬಿದ ಬಕೆಟ್ಟು ಹಿಡಿದು ಬಾಗಿಲ ಹಿಂದೆ ನಿಂತಳು. ಹೊರಗೆ ಭಾಷಣ. "ಮತ್ತೆಂದೂ ಈ ನೆಲದಲ್ಲಿ..." ಅಂದರು ಮಂತ್ರಿಗಳು. ಚಪ್ಪಾಳೆ. "ಮರೆವು ಎಂಬುದು..." ಅಂದರು ಅಧ್ಯಕ್ಷರು. ಚಪ್ಪಾಳೆ. ಆಮೇಲೆ ಮುಖ್ಯರಾದವರಷ್ಟೇ ಕೋಣೆಯೊಳಗೆ ಬಂದರು, ಉಳಿದವರು ಅಂಗಳದಲ್ಲೇ ಕೂತಿದ್ದರು. ನರಳಾಟ ಶುರುವಾಯಿತು. ಕುರ್ಚಿಯ ಸುತ್ತ ರಕ್ತ ಹೊಳೆಯಿತು. ಅದರ ಸುತ್ತ ಹಗ್ಗ ಕಟ್ಟಿದ್ದರು.

"ಹಗ್ಗ ತೆಗೀರಿ, ಅಡ್ಡ ಬರುತ್ತೆ," ಅಂದ ಫೋಟೋದವನು.

ತೆಗೆದರು.

"ಸಾರ್, ಒಂದು ಮಂಡಿ ಊರಿ, ಹೂ ಇಡ್ತಾ ಇರೋ ಹಾಗೆ."

ಮಂತ್ರಿಗಳು ಊರಿದರು. ಅಧ್ಯಕ್ಷರೂ ಪಕ್ಕದಲ್ಲಿ ಊರಿದರು. ಫೋಟೋದಿಂದ ಹೊರಗೆ ಉಳಿಯುವ ಅಭ್ಯಾಸ ಅವರಿಗಿರಲಿಲ್ಲ. ಇನ್ನೊಂದು, ಮತ್ತೊಂದು, ಈ ಕಡೆ ನೋಡಿ ಸಾರ್. ಎದ್ದಾಗ ಇಬ್ಬರ ಬಿಳಿ ಬಟ್ಟೆಯ ಮಂಡಿಯೂ ಕೆಂಪು. ಮಂತ್ರಿಗಳು ಗಾಬರಿಯಾಗಿ ಹಿಂದೆ ಸರಿದರು, ಬೂಟು ಅದರಲ್ಲೇ ಬಿತ್ತು. ಅಲ್ಲಿಂದ ಬಾಗಿಲವರೆಗೆ ಕೆಂಪು ಹೆಜ್ಜೆ. ಅವರ ಹಿಂದೆ ಅಧ್ಯಕ್ಷರು, ಅವರ ಹಿಂದೆ ಫೋಟೋದವನು, ಎಲ್ಲರೂ ತುಳಿದರು.

"ಒರೆಸು!" ಮೇಸ್ತ್ರಿ ಹಲ್ಲಿನ ಸಂದಿಯಲ್ಲಿ ಹೇಳಿದ. "ಬಾರೇ, ಒರೆಸೇ!"

ಗುಬ್ಬಿ ಬಾಗಿಲ ಹಿಂದಿನಿಂದ ಹೊರಗೆ ಬಂದಳು. ಸರಕ್ಕಂತ ಬರಲಿಲ್ಲ. ಮೆಲ್ಲಗೆ ಬಂದು ಬೆಳಕಿನಲ್ಲಿ ನಿಂತಳು.

"ಯಾರು ಚೆಲ್ಲಿದ್ದು?"

"ಏನು?"

"ಇದನ್ನ ಯಾರು ಚೆಲ್ಲಿದ್ದು ಅಂತ ಕೇಳ್ದೆ."

"ಯಾರು ಚೆಲ್ಲಿದ್ರೆ ನಿನಗೇನೇ? ಒರೆಸು ಅಂದ್ರೆ ಒರೆಸು!"

ಅಧ್ಯಕ್ಷರು ಮಂಡಿಯ ಮೇಲಿನ ಕಲೆಯನ್ನು ಕೈಯಿಂದ ಮುಚ್ಚಿಕೊಂಡೇ ಮೃದುವಾಗಿ ಅಂದರು, "ತಾಯಿ, ಸ್ವಲ್ಪ ಬೇಗ..."

"ನಾನು ನಿಮ್ಮ ತಾಯಿ ಅಲ್ಲ ಸಾರ್. ನಿಮಗಿಲ್ಲಿ ನೀರು ಕೊಟ್ಟೋಳ ಮಗಳು. ಅವಳೂ ನಿಮ್ಮ ತಾಯಿ ಅಲ್ಲ. ನಿಮಗಿಂತ ಚಿಕ್ಕೋಳು. ಲೋಟ ತೊಳೆದೇ ಕೊಟ್ಟಿದ್ಲಂತೆ. ಹೇಳೋಕೆ ಇಷ್ಟು ದಿನ ಆಯ್ತು."

ಅಧ್ಯಕ್ಷರು ಈ ಸಲ ಕಣ್ಣು ಮುಚ್ಚಲಿಲ್ಲ. ಮುಚ್ಚಲು ಮರೆತರು.

ಗುಬ್ಬಿ ಬಕೆಟ್ಟನ್ನು ಎರಡೂ ಕೈಯಲ್ಲಿ ಎತ್ತಿ ನೆಲದ ಮೇಲೆ ಬೋರಲು ಹಾಕಿದಳು.

ನೀರು ಒಂದೇ ಸಲ ಹರಿಯಿತು. ಅಂಟನ್ನು ಎಬ್ಬಿಸಿಕೊಂಡು, ಕುರ್ಚಿಯ ಕಾಲು ಸುತ್ತಿ, ಹೂವನ್ನು ತೇಲಿಸಿಕೊಂಡು ಹೊಸ್ತಿಲು ದಾಟಿತು. ಅಂಗಳದ ಬಿಳಿ ಕಲ್ಲಿನ ಮೇಲೆ ಕೆಂಪಗೆ ಹರಡಿತು. ಕುರ್ಚಿಗಳಲ್ಲಿ ಕೂತವರು ಕಾಲು ಮೇಲೆತ್ತಿದರು. ಮರೆಯಬಾರದು ಎಂದು ಈಗಷ್ಟೇ ಚಪ್ಪಾಳೆ ತಟ್ಟಿದವರು ಚಪ್ಪಲಿ ಕೈಯಲ್ಲಿ ಹಿಡಿದು ಗೇಟಿನ ಕಡೆ ಓಡಿದರು.

ಗುಬ್ಬಿ ಬೋರಲು ಬಕೆಟ್ಟಿನ ಮೇಲೆ ಕೂತಳು. ಅದು ಅವಳ ಭಾರಕ್ಕೆ ಕಿರ್ರೆಂದಿತು.

"ಕೆಮ್ಮಿನಕ್ಕಾ!" ಮೇಸ್ತ್ರಿ ಕಿರುಚಿದ. "ನೀನಾದ್ರೂ ಬಾರೇ!"

ಮೆಟ್ಟಿಲ ಕೆಳಗಿನಿಂದ ಮೊದಲು ಒಂದು ಉದ್ದ ಕೆಮ್ಮು ಕೇಳಿಸಿತು. ಆಮೇಲೆ ಇನ್ನೊಂದು ಬಕೆಟ್ಟು ಬೋರಲಾದ ಸದ್ದು.

ಬಣ್ಣದಯ್ಯನೇ ಒರೆಸಬೇಕಾಯಿತು. ಮಂಡಿಯೂರಿ, ಬಿಳಿ ಕೈಗವಸಿನಲ್ಲಿ, ತನ್ನ ಕೊರಳ ವಸ್ತ್ರದಿಂದ. ಗೋಡೆಯೊಳಗಿನ ನಟನನ್ನು ನಿಲ್ಲಿಸಲು ಯಾರಿಗೂ ನೆನಪಾಗಲಿಲ್ಲ. ಬಣ್ಣದಯ್ಯ ಒರೆಸುತ್ತಲೇ ಇದ್ದ, ಅವನು ನರಳುತ್ತಲೇ ಇದ್ದ.

ಮೇಸ್ತ್ರಿ ಗುಬ್ಬಿಯ ತೋಳು ಹಿಡಿದು ಎಬ್ಬಿಸಿ ಗೇಟಿನಾಚೆ ದಬ್ಬಿದ. ಅವಳ ಹಿಂದೆಯೇ ಕೆಮ್ಮಿನಕ್ಕನನ್ನೂ ದಬ್ಬಿದ. ಇಬ್ಬರನ್ನೂ ಇನ್ನು ಯಾವ ಗುತ್ತಿಗೆಯವರೂ ಸೇರಿಸದ ಹಾಗೆ ಮಾಡುತ್ತೇನೆ ಅಂದ. ಮಾಡಿದ ಕೂಡ.

ಹೊತ್ತಿಗೆ ಮುಂಚೆ ಬಂದ ಮಗಳನ್ನು ನೋಡಿ ಅವ್ವ ಮಂಚದ ಮೇಲೆ ಎದ್ದು ಕೂತಳು.

"ಏನಾಯ್ತು?"

"ಕೆಲಸ ಹೋಯ್ತು."

"ಕೈ ತೋರಿಸು."

ತೋರಿಸಿದಳು. ಉಗುರಿನ ಬುಡದಲ್ಲಿ ನಿನ್ನೆಯ ಕೆಂಪು ಮಾಸಿ ಉಳಿದಿತ್ತು.

"ಇದು?"

"ನಿನ್ನೇದು."

"ಇವತ್ತಿಂದು?"

"ಇಲ್ಲ."

ಅವ್ವ ಸರಿದು ಮಂಚದಲ್ಲಿ ಜಾಗ ಮಾಡಿದಳು. ಗುಬ್ಬಿ ಕೂತಳು. ನಾಳೆಯಿಂದ ಮನೆ ಹೇಗೆ ನಡೆಯುತ್ತದೆ, ಮಗಳ ತರಬೇತಿ ಏನಾಗುತ್ತದೆ, ಎರಡೂ ಗೊತ್ತಿರಲಿಲ್ಲ.

ಕೊಟ್ಟ ಮಾತು ಒಂದು ಸಲ ಮುರಿದಿತ್ತು. ಎರಡನೇ ಸಲ ಮುರಿಯಲಿಲ್ಲ.